ಚಂಪಾಬಾಯಿಯ ಕಾಲುವೆ

ಸೂರ್ಯಕಾಂತ ಏದುಸಿರು ಬಿಡುತ್ತ ಹೊಲಕ್ಕೆ ಬಂದಾಗ ನಾಗಣ್ಣ ಆಗಲೇ ಸೊಂಟದ ತನಕ ಕುಣಿಯೊಳಗೆ ಇಳಿದಿದ್ದ.

"ನಾಗಣ್ಣ, ಅಪ್ಪನ ಎಡಕ್ಕ ಅಂತ ಹೇಳಿದ್ದೆಲ್ಲೋ."

"ಎಡಕ್ಕೇ ಅಗದೀನಿ." ನಾಗಣ್ಣ ಗುದ್ದಲಿ ಊರಿ ನಿಂತು ಬೆವರು ಒರೆಸಿಕೊಂಡ. "ನಿಮ್ಮಪ್ಪನ ಕಟ್ಟಿಗಿ ಮಾರಿ ಮಾಡಿ ನಿಂತೆ. ನನ್ನ ಎಡಗೈ ಯಾ ಕಡಿ ಬಂತೋ ಆ ಕಡಿ ಚಾಲೂ ಮಾಡಿದೆ."

"ನಿನ್ನ ಎಡಗೈ ಅಲ್ಲ, ಅಪ್ಪನ ಎಡಗೈ. ಅಂವಾ ನಿನ್ನ ಕಡಿ ಮಾರಿ ಮಾಡಿ ಕುಂತಾನ."

ನಾಗಣ್ಣ ತನ್ನ ಎಡಗೈ ನೋಡಿಕೊಂಡ, ಸಮಾಧಿಯ ಕಟ್ಟೆ ನೋಡಿದ, ಮತ್ತೆ ಕೈ ನೋಡಿಕೊಂಡ. ಮಲಗಿಸಿ ಹೂಳುವ ಜನರಲ್ಲಿ ಇಂಥ ತಪ್ಪು ಆಗುವುದಿಲ್ಲ. ಇವರು ಸತ್ತವರನ್ನು ಪದ್ಮಾಸನ ಹಾಕಿ ಕೂರಿಸಿ, ಅಂಗೈಯಲ್ಲಿ ಲಿಂಗ ಇಟ್ಟು, ಸ್ವಂತ ಹೊಲದಲ್ಲೇ ಹೂಳುವವರು. ಮಣ್ಣಿನೊಳಗೂ ಮನುಷ್ಯನಿಗೆ ಒಂದು ಎಡ, ಒಂದು ಬಲ ಇರುತ್ತದೆ. ಸೂರ್ಯಕಾಂತನ ಅಪ್ಪ ದಿಗಂಬರ ಇಲ್ಲಿ ಕೂತು ಬಹಳ ವರ್ಷವಾಯಿತು. ಇವತ್ತು ನಸುಕಿನಲ್ಲಿ ತೀರಿಕೊಂಡ ಅವ್ವ ಚಂಪಾಬಾಯಿ, ಮದುವೆಯ ಹಂದರದಲ್ಲಿ ಕೂತಂತೆ ಅವನ ಎಡಕ್ಕೇ ಬರಬೇಕೆಂದು ಹಿರಿಯರು ಹೇಳಿ ಕಳಿಸಿದ್ದರು.

"ಇದು ಮುಚ್ಚಿ ಆ ಕಡಿ ಅಗಿ" ಎಂದ ಸೂರ್ಯಕಾಂತ.

"ತಗದ ಕುಣಿ ಖಾಲಿ ಮುಚ್ಚಬಾರದೋ. ಅದು ಮತ್ತೊಬ್ಬರನ್ನ ಕೇಳ್ತದ. ನಾ ಅಂತೂ ಹೋಗಂಗಿಲ್ಲ, ನನ್ನ ಸೋಯಾಬೀನ ಬಿತ್ತೂದು ಬಾಕಿ ಅದ."

ಅಷ್ಟು ಹೇಳಿ, ಇನ್ನು ಮಾತು ಬೇಡ ಎಂಬಂತೆ ನಾಗಣ್ಣ ಗುದ್ದಲಿ ಎತ್ತಿ ಹಾಕಿದ. ಅದು ಕಲ್ಲಿಗೆ ಬಡಿದು ಕೈಗೆ ಝುಮ್ಮೆಂದಿತು. ಪಕ್ಕಕ್ಕೆ ಹಾಕಿದ, ಅಲ್ಲೂ ಕಲ್ಲು. ಬಗ್ಗಿ ಕೈಯಿಂದ ಮಣ್ಣು ಸರಿಸಿದ. ಕುಣಿಯ ಒಂದು ಅಂಚಿನಲ್ಲಿ ಕರಿಗಲ್ಲುಗಳು ಒಂದಕ್ಕೊಂದು ಕಚ್ಚಿಕೊಂಡು ಸಾಲಾಗಿ ಕೂತಿದ್ದವು. ಎರಡು ಸಾಲಿನ ನಡುವೆ ಮೊಳದಷ್ಟು ಅಗಲದ ಹಳ್ಳ, ಸಂದಿಗಳಲ್ಲಿ ಗಚ್ಚು. ಆ ಸಾಲು ನೇರವಾಗಿ ತಲಾವಿನ, ಅಂದರೆ ಊರ ಕೆರೆಯ, ಏರಿಯ ಕೆಳಗೆ ನುಗ್ಗಿ ಹೋಗಿತ್ತು.

ಸೂರ್ಯಕಾಂತ ಕುಣಿಯ ಅಂಚಿಗೆ ಕುಕ್ಕರಿಸಿದ. ಬೆಳಗಿನಿಂದ ಬಾರದ ಅಳು ಅವನಿಗೆ ಈಗ ಬಂತು.

"ಇದು ದಿಗಂಬರ ಕಾಕಾನ ಕಾಲಿವಿ" ಎಂದ ನಾಗಣ್ಣ, ದನಿ ತಗ್ಗಿಸಿ. "ಇಷ್ಟ ವರ್ಷ ಊರೆಲ್ಲಾ ಹುಡಕ್ಯಾದ. ಕಾಕಾ ಇದರ ಬಾಜೂಕೇ ಕುಂತಾನ ನೋಡು, ಒಂದ ಮಾತು ಹೇಳಿಲ್ಲ."

*

ಊರಿಗೆ ತಲಾವು ಕಟ್ಟಲೆಂದು ಸರಕಾರ ಈ ಮನೆಯ ಹೊಲ ತೆಗೆದುಕೊಂಡಾಗ ಯಾರೂ ಜಗಳ ಆಡಿರಲಿಲ್ಲ. ಊರಿಗೆ ನೀರು ಬೇಕಾಗಿತ್ತು. ಜಗಳ ಶುರುವಾದದ್ದು ಪರಿಹಾರ ಗೊತ್ತುಮಾಡುವಾಗ ಹೊಲವನ್ನು ಜಿರಾಯತ, ಅಂದರೆ ಮಳೆಯನ್ನೇ ನಂಬಿದ, ಕಡಿಮೆ ಬೆಲೆಯ ಒಣಭೂಮಿ ಎಂದು ಬರೆದದ್ದರಿಂದ. ಹೊಲದಲ್ಲಿ ದಿಗಂಬರ ತೋಡಿದ ಬಾವಿ ಇತ್ತು. ಬಾವಿಯಿಂದ ಇಳಿಜಾರಿಗೆ ಅವನೇ ಕಟ್ಟಿದ ಕಲ್ಲಿನ ಕಾಲುವೆ ಇತ್ತು. ಕಾಗದದಲ್ಲಿ ಎರಡೂ ಇರಲಿಲ್ಲ. ಗಂಡ ಹೆಂಡತಿ ಕೂಡಿ ಮರಾಠಿ ಸೀಮೆಯ ನಿಲಂಗಾದ ಕೋರ್ಟಿಗೆ ಹೋಗಿ, ಪರಿಹಾರವನ್ನು ಮತ್ತೊಮ್ಮೆ ಪರಿಶೀಲಿಸಬೇಕೆಂದು ಅರ್ಜಿ ಹಾಕಿದರು. ಅರ್ಜಿ ನಡೆಯುತ್ತಿರುವಾಗಲೇ ದಿಗಂಬರ ತೀರಿಕೊಂಡ. ಚಂಪಾಬಾಯಿ ತಾರೀಖುಗಳಿಗೆ ಹೋಗುವುದನ್ನು ಬಿಡಲಿಲ್ಲ.

ಬಿಡುವುದೇನು ಬಂತು, ತಾರೀಖು ಅಂದರೆ ಅವಳಿಗೆ ಜಾತ್ರೆ. ನೆಗೆಣ್ಣಿ ಮಲಕಮ್ಮನನ್ನು ಜೊತೆಗೆ ಎಬ್ಬಿಸಿಕೊಂಡು, ಗರಿಗರಿ ಕಟಿರೊಟ್ಟಿ, ಝುಣಕಾ, ಶೇಂಗಾದ ಖಾರಪುಡಿ ಹಿಂಡಿ ಕಟ್ಟಿಕೊಂಡು, ಔರಾದ ಶಹಾಜನಿಯಿಂದ ಬಸ್ಸು ಹಿಡಿಯುತ್ತಿದ್ದಳು. ಮಧ್ಯಾಹ್ನ ಕೋರ್ಟಿನ ಹುಣಸೆಮರದ ಕೆಳಗೆ ಗಂಟು ಬಿಚ್ಚಿದರೆ ತನ್ನ ವಕೀಲ ರವಿಕಾಂತನಿಗೂ ರೊಟ್ಟಿ, ಎದುರಿನ ಸರಕಾರಿ ವಕೀಲ ಧೀರಜನಿಗೂ ರೊಟ್ಟಿ. ಧೀರಜ ಔರಾದ ಕಡೆಯ ರೈತರ ಮನೆಯ ಹುಡುಗ. ಹೆಂಡತಿಯ ಊರು ದೂರದ ಪುಣೆ, ಮನೆಯಲ್ಲಿ ಅವನಿಗೆ ಕಟಿರೊಟ್ಟಿ ಸಿಗುತ್ತಿರಲಿಲ್ಲ.

ಆಮೇಲೆ ಚಂಪಾಬಾಯಿಯ ಸಾಕ್ಷಿಯ ದಿನ ಬಂತು. ಕೋರ್ಟಿನ ಮಾತೆಲ್ಲ ಮರಾಠಿಯಲ್ಲಿ. ಧೀರಜ ಮೆತ್ತಗೇ ಕೇಳಿದ. ಬಾವಿ ಎಲ್ಲಿದೆ? ತಲಾವಿನ ನೀರಿನೊಳಗೆ. ಏರಿಯ ಕೆಳಗಿನ ತುಂಡು ಹೊಲ ಇನ್ನೂ ನಿಮ್ಮದೇ ಅಲ್ಲವೇ, ಅಲ್ಲಿಗೆ ನೀರು ಹೇಗೆ ಬರುತ್ತಿತ್ತು? ಕಲ್ಲಿನ ಕಾಲುವೆಯಿಂದ. ಆ ಕಾಲುವೆ ಎಲ್ಲಿದೆ? ಏರಿ ಕಟ್ಟುವಾಗ ಹಾಕಿದ ಮಣ್ಣಿನ ಕೆಳಗೆ. ಬಾವಿ ನೀರಿನೊಳಗೆ, ಕಾಲುವೆ ಮಣ್ಣಿನೊಳಗೆ, ಅಂದರೆ ಎರಡೂ ಯಾವಾಗಲೂ ಇರಲಿಲ್ಲ, ನೀವು ಸುಳ್ಳು ಹೇಳುತ್ತಿದ್ದೀರಿ ಎಂದು ಅವನು ಮುಗಿಸಿದ. ವಕೀಲರು ದಿನಾ ಆಡುವ ಮಾತೇ ಅದು. ಚಂಪಾಬಾಯಿಗೆ ಮಾತ್ರ ಹೊಸದು.

ಅವತ್ತೂ ಮರದ ಕೆಳಗೆ ಅವನಿಗೆ ರೊಟ್ಟಿ ಸಿಕ್ಕಿತು.

"ಆಜಿ, ಹಿಂಡಿ?" ಎಂದ ಧೀರಜ.

"ಇಲ್ಲ."

"ಡಬ್ಬಿ ತುಂಬ ಕಾಣ್ಲಕತ್ತದಲ್ರೀ."

"ಅದು ಸುಳ್ಳಾಡೋರ ಮನಿ ಹಿಂಡಿ. ಬಾವಿನೂ ಇಲ್ಲ, ಕಾಲಿವಿನೂ ಇಲ್ಲ, ಹಿಂಡಿನೂ ಇಲ್ಲ ಅಂತ ತಿಳಕೊಂಡು ಉಣ್ಣು."

ಅವತ್ತು ರವಿಕಾಂತನ ತಟ್ಟೆಗೆ ಎರಡು ಪಾಲು ಹಿಂಡಿ ಬಿತ್ತು. ಧೀರಜ ನಗುತ್ತಲೇ ಒಣರೊಟ್ಟಿ ಮುರಿದ. ಆದರೆ ಸಂಜೆ ಬಸ್ಸಿನಲ್ಲಿ ಚಂಪಾಬಾಯಿ ಕಿಟಕಿಯ ಕಡೆ ಮುಖ ಮಾಡಿ ಅತ್ತಳು. ರೊಕ್ಕ ಹೋದರೆ ಹೋಗಲಿ ಬಿಡವ್ವ ಎಂದು ಸಮಾಧಾನ ಮಾಡಲು ಹೋದ, ಅವತ್ತು ಜೊತೆಗೆ ಬಂದಿದ್ದ ಮಗನನ್ನು ಬೈದಳು.

"ಹೋಗ್ಲಿ ಅಂತ ಯಾರಂದಾರ? ರೊಕ್ಕ ಬೇಕೇ ಬೇಕು. ಆದ್ರ ನಿಮ್ಮಪ್ಪ ಎದಿ ಒಡಕೊಂಡು ಕಟ್ಟಿದ್ದು ಇರಲೇ ಇಲ್ಲ ಅಂತ ಬರಕೊಂಡ್ರಲ್ಲೋ. ನಾ ಸತ್ತ ಮ್ಯಾಲೂ ಅದು ಹಂಗೇ ಬರದಿರ್ತದ."

*

ಹೆಣದ ಮನೆ ಎನ್ನಲು, ಹೊಲದಲ್ಲಿ ಕುಣಿ ಅಗೆಯುತ್ತಿದ್ದ ಆ ಹೊತ್ತಿಗೆ ಮನೆಯಲ್ಲಿ ಅಂಥದ್ದೇನೂ ಕಾಣುತ್ತಿರಲಿಲ್ಲ. ಹಿಂದಿನ ದಿನ ಮಾವಿನ ಸೀಕರಣಿ ಎರಡು ಸಲ ಹಾಕಿಸಿಕೊಂಡು ಉಂಡು, ನಿದ್ದೆಯಲ್ಲೇ ಹೋದ ಮುದುಕಿಗೆ ಯಾರು ಎಷ್ಟು ಅಳಬೇಕು? ಪಡಸಾಲೆಯಲ್ಲಿ ಗೋಡೆಗೆ ಆನಿಸಿ ಕೂರಿಸಿದ್ದರು. ಹಣೆಗೆ ದಪ್ಪ ವಿಭೂತಿ, ಮೈಮೇಲೆ ಹಸಿರು ಇಳಕಲ್ ಸೀರೆ. ಭಜನೆಯವರು ತಾಳ ನಿಲ್ಲಿಸಿ ಚಹಾ ಕುಡಿಯುತ್ತಿದ್ದರು.

"ಹ್ಯಾಂಗ ಕುಂತಾಳ ನೋಡ್ರಿ" ಎಂದಳು ಪಕ್ಕದಲ್ಲಿದ್ದ ಮಲಕಮ್ಮ. ಅವಳಿಗೆ ಈಗ ಕಣ್ಣು ಸರಿಯಾಗಿ ಕಾಣುವುದಿಲ್ಲ, ಆದರೂ ಎಲ್ಲ ಕಂಡಂತೆ ಮಾತಾಡುತ್ತಾಳೆ. "ಕೋರ್ಟಿನ ಕಟ್ಟಿ ಮ್ಯಾಲ ಹಿಂಗೇ ಕೂಡ್ತಿದ್ಲು. ಕೇಸ್ ಮುಗದ್ರ ನಿಲಂಗಾದ ಭಜಿ ತಿನ್ನಲಿಕ್ಕಿ ಯಾ ನೆಪ ಹೇಳೂದು ಮಲಕಿ ಅಂತ ನನಗ ಕೇಳ್ತಿದ್ಲು."

ಹೆಂಗಸರು ನಕ್ಕರು. ಸೊಸೆ ಸಾರಿಕಾ ನಗುತ್ತಲೇ ಕಣ್ಣು ಒರೆಸಿಕೊಂಡಳು.

ಅಷ್ಟರಲ್ಲಿ ಹೂವಿನ ಹಾರ ಹಿಡಿದು ಬಾಗಿಲಿಗೆ ಬಂದವನನ್ನು ನೋಡಿ ಹೆಂಗಸರು ನಗು ಬಿಟ್ಟು ಸೆರಗು ಎಳೆದುಕೊಂಡರು. ಸರಕಾರಿ ವಕೀಲ ಧೀರಜ. ಚಪ್ಪಲಿ ಹೊರಗೆ ಬಿಟ್ಟು ಬಂದು, ಹಾರ ಹಾಕಿ, ಚಂಪಾಬಾಯಿಯ ಪಾದ ಮುಟ್ಟಿ, ಎಲ್ಲಿ ಕೂರಬೇಕೆಂದು ತಿಳಿಯದೆ ನಿಂತ.

"ಯಾರು ಬಂದಾರ?" ಎಂದಳು ಮಲಕಮ್ಮ.

"ನಾ ಧೀರಜ, ಆಜಿ."

"ಹೌದಾ. ಕೂಡ್ರು ಬಾ, ತಮ್ಮಾ. ಸುಳ್ಳಾಡೋರ ಮನಿ ಅದ ಇದು, ಅಂಜಬ್ಯಾಡ."

ಧೀರಜ ತಲೆ ತಗ್ಗಿಸಿ ಅವಳ ಪಕ್ಕದಲ್ಲೇ ಕೂತ. ಸಾರಿಕಾ ಅವನಿಗೂ ಚಹಾ ಕೊಟ್ಟಳು.

ಹೊಲದಿಂದ ಮರಳಿದ ಸೂರ್ಯಕಾಂತ, ಸುದ್ದಿ ಕೇಳಿ ಬಂದಿದ್ದ ತಮ್ಮ ಕಡೆಯ ವಕೀಲ ರವಿಕಾಂತನನ್ನು ಹಿತ್ತಲಿಗೆ ಕರೆದುಕೊಂಡು ಹೋಗಿ ಕುಣಿಯ ವಿಷಯ ಹೇಳಿದ. ರವಿಕಾಂತನ ಮುಖ ಅರಳಿತು. ಸಾವಿನ ಮನೆ ಎಂದು ನೆನಪಾಗಿ ಅದನ್ನು ಮತ್ತೆ ಗಂಭೀರ ಮಾಡಿಕೊಂಡ.

"ಸೂರ್ಯಕಾಂತರಾವ, ಆ ಕುಣಿ ಮುಚ್ಚಬ್ಯಾಡ್ರಿ. ಆಯಿಗಿ ಆ ಕಡಿ ಬ್ಯಾರೆ ತಗಸ್ರಿ. ಇವತ್ತ ಶನಿವಾರ. ಸೋಮವಾರ ಅರ್ಜಿ ಹಾಕಿ ಕೋರ್ಟಿನ ಮನಶಾನ ಕರಸ್ತೀನಿ. ಮಂಗಳವಾರ ಕೊನೀ ವಾದ ಅದ. ಅದು ಮುಗದ್ರ ಆ ಮ್ಯಾಲೆ ಬಾವಿ ಇರಲಿಲ್ಲ ಅಂತೇ ಜಡ್ಜರ ನಿಕಾಲ ಬರ್ತದ."

"ಖಾಲಿ ಕುಣಿ ಬಿಡ್ಲಿಕ್ಕಿ ಅಯ್ಯನೋರು ಒಪ್ಪಂಗಿಲ್ರೀ."

"ಹಂಗಾರ ಆಯಿನ ಸೋಮವಾರ ತನಕ..." ಎಂದು ಶುರು ಮಾಡಿದ ರವಿಕಾಂತ, ಸೂರ್ಯಕಾಂತನ ಕಣ್ಣು ನೋಡಿ ಮಾತು ನುಂಗಿದ.

*

ಕೋರ್ಟಿನ ಮನುಷ್ಯ ಹಿಂದೆಯೂ ಒಮ್ಮೆ ಬಂದು ಹೋಗಿದ್ದ. ಹೊಲ ನೋಡಿ ವರದಿ ಕೊಡಲು ಜಡ್ಜರು ನೇಮಿಸಿದ ಕಮಿಶನರ್. ಕಾಲುವೆ ಎಲ್ಲಿತ್ತು ತೋರಿಸಿ ಎಂದಾಗ ಚಂಪಾಬಾಯಿ ಸೆರಗು ಸಿಕ್ಕಿಸಿ ಹೊಲದ ನಡುವೆ ನಿಂತಳು. ಅವಳ ಗುರುತೆಲ್ಲ ಒಂದು ಬೇವಿನ ಮರದ್ದು. ಆ ಮರ ಏರಿಯ ಮಣ್ಣಿನ ಕೆಳಗೆ ಹೋಗಿತ್ತು. ಇಲ್ಲಿ ಎಂದಳು, ಅಗೆದರು, ಬರೀ ಕರಿಮಣ್ಣು. ಸ್ವಲ್ಪ ಆ ಕಡೆ ಎಂದಳು, ಅಲ್ಲೂ ಕರಿಮಣ್ಣು. ಬಿಸಿಲು ಇಳಿಯುವ ಹೊತ್ತಿಗೆ ಹೊಲ ಹೆಗ್ಗಣ ಹೊಕ್ಕಂತೆ ಆಗಿತ್ತು.

"ಬಾಳಿಗಿಡ ಹಚ್ರಿ ಆಜಿ, ತೆಗ್ಗು ತಯಾರ ಅವ" ಎಂದು ಕಮಿಶನರ್ ನಗೆಯಾಡಿ ಹೋದ. ಚಂಪಾಬಾಯಿ ಹಚ್ಚಿಯೇಬಿಟ್ಟಳು. ಮುಂದಿನ ವರ್ಷ ಅದರ ಗೊನೆಯನ್ನು ಕೋರ್ಟಿಗೆ ಒಯ್ದು, ಇದು ನಿಮ್ಮ ತಪಾಸಣೆಯ ಫಲ ಎಂದು ಎಲ್ಲರಿಗೂ ಹಂಚಿದಳು. ಹಣ್ಣು ತಿಂದವರೆಲ್ಲ ನಕ್ಕರು.

ಸೂರ್ಯಕಾಂತನಿಗೆ ಮಾತ್ರ ಆ ದಿನದಿಂದ ನೆಮ್ಮದಿ ಇರಲಿಲ್ಲ. ಕಾಲುವೆಯಲ್ಲಿ ಕಾಲು ಇಳಿಬಿಟ್ಟು ಕೂತದ್ದು ಅವನಿಗೆ ನೆನಪಿತ್ತು, ನೀರಿನ ತಂಪೂ ನೆನಪಿತ್ತು. ಆದರೂ ಇದು ನಾನು ಕಂಡದ್ದೋ, ಅವ್ವ ಹೇಳಿ ಹೇಳಿ ಕಂಡಂತಾದದ್ದೋ ಎಂದು ಒಮ್ಮೊಮ್ಮೆ ಅನ್ನಿಸುತ್ತಿತ್ತು. ಅವ್ವನ ಮಾತನ್ನು ನಾನೂ ಸಂಶಯಪಟ್ಟೆನಲ್ಲ ಎಂದು ಅವನಿಗೆ ನಾಚಿಕೆಯಾಗುತ್ತಿತ್ತು.

*

ಹೊತ್ತು ವಾಲಿದ ಮೇಲೆ ಚಂಪಾಬಾಯಿ ಚಟ್ಟದ ಮೇಲೆ ಕಟ್ಟಿದ ಹೂವಿನ ವಿಮಾನದಲ್ಲಿ ಕೂತು, ತಾಳ ಮದ್ದಳೆ ಮುಂದೆ ಮಾಡಿಕೊಂಡು ಹೊಲಕ್ಕೆ ಬಂದಳು. ಊರಿಗೆ ಊರೇ ಹಿಂದೆ ಇತ್ತು. ಕುಣಿಯ ಸುದ್ದಿ ಅಷ್ಟರಲ್ಲಿ ಎಲ್ಲರಿಗೂ ಗೊತ್ತಾಗಿತ್ತು. ಬಂದವರು ಬಂದವರೇ ಮೊದಲು ಕುಣಿಯೊಳಗೆ ಬಗ್ಗಿ ನೋಡಿ, ಆಮೇಲೆ ಹೆಣಕ್ಕೆ ಕೈ ಮುಗಿದರು.

ಹಿರಿಯರ ತಕರಾರು ಎಡಬಲದ್ದು. ಹೆಂಡತಿ ಬಲಕ್ಕೆ ಕೂತರೆ ಹೇಗೆ?

"ದಿಗಂಬರ ಭಾವಗ ಎಡಗಿವಿ ಕೇಳ್ತಿದ್ದಿಲ್ಲ" ಎಂದಳು ಮಲಕಮ್ಮ. "ಆಕಿ ಕಡೀಕಡೀಗಿ ಬಲಕ್ಕೇ ಕುಂತು ಬೈತಿದ್ಲು. ಈಗ ಎಡಕ್ಕ ಕೂಡ್ಸಿದ್ರ ಯಾರಿಗಿ ಬೈಬೇಕು?"

ಆ ತಕರಾರು ಅಲ್ಲಿಗೆ ಮುಗಿಯಿತು. ಉಳಿದದ್ದು ರವಿಕಾಂತನದು. ಅವನು ಮೊಬೈಲಿನಲ್ಲಿ ಕಾಲುವೆಯ ಫೋಟೋ ತೆಗೆಯುತ್ತ ಕುಣಿಯ ಸುತ್ತ ತಿರುಗುತ್ತಿದ್ದ.

"ಧೀರಜ, ನೀವೂ ನೋಡ್ರಿ. ಇದಕ್ಕಿಂತ ಪುರಾವೆ ಏನ ಬೇಕು?"

ಧೀರಜ ಜನರ ಹಿಂದೆ ನಿಂತಿದ್ದ. "ನಾ ಮಣ್ಣಿಗಿ ಬಂದೀನ್ರಿ, ವಕೀಲಿ ಮಾಡ್ಲಿಕ್ಕಿ ಅಲ್ಲ" ಎಂದ. ಆಮೇಲೆ ಸುಮ್ಮನಿರಲಾರದೆ, "ಫೋಟೋದಾಗ ಏನದ? ನಾಕ ಕಲ್ಲ ಯಾರರ ಜೋಡಸ್ಬಹುದು" ಎಂದುಬಿಟ್ಟ.

ಗುಂಪಿನಲ್ಲಿ ಗುಜುಗುಜು ಎದ್ದಿತು. ಸೂರ್ಯಕಾಂತ ಅವ್ವನ ವಿಮಾನದ ಪಕ್ಕಕ್ಕೆ ಬಂದು ನಿಂತ. ಅವ್ವನನ್ನು ಎದುರಿಗೆ ಕೂರಿಸಿಕೊಂಡು ಅವಳನ್ನು ಇನ್ನೊಮ್ಮೆ ಸುಳ್ಳುಗಾತಿ ಅಂದಂತಾಯಿತು. ಕುಣಿ ತುಂಬಿದರೆ ಕಾಲುವೆ ಮತ್ತೆ ಮಣ್ಣಿನ ಪಾಲು. ಇನ್ನೊಮ್ಮೆ ಅಗೆದು ತೋರಿಸಲು ಅವ್ವನ ಸಮಾಧಿಗೆ ಗುದ್ದಲಿ ಹಾಕಬೇಕು. ಅದು ಆಗದ ಮಾತು. ಈ ಕುಣಿ ಬಿಟ್ಟು ಬೇರೆ ತೋಡಲು ಹೋದರೆ ಅವ್ವ ಹೊತ್ತು ಮುಳುಗುವ ತನಕ ಹೀಗೇ ಬಿಸಿಲಿನಲ್ಲಿ ಕೂತಿರಬೇಕು.

"ಸೂರ್ಯಕಾಂತ, ಏನ ಮಾಡೂದು ಹೇಳಪ್ಪ" ಎಂದರು ಕ್ರಿಯೆ ಮಾಡಿಸಲು ಬಂದಿದ್ದ ಅಯ್ಯನವರು.

ಅವನು ಅವ್ವನ ಮುಖ ನೋಡಿದ. ವಿಭೂತಿ ಬೆವರಿಗೆ ಕರಗಿದಂತೆ ಅಲ್ಲಲ್ಲಿ ಅಳಿಸಿತ್ತು.

"ಇಳಸ್ರಿ. ಅವ್ವ ಭಾಳ ಕಾದಾಳ. ನಾ ಮತ್ತ ಕಾಯಸಂಗಿಲ್ಲ."

"ಸೂರ್ಯಕಾಂತರಾವ" ಎಂದ ರವಿಕಾಂತ.

"ಕಾಲಿವಿ ಇತ್ತು. ನನಗ ಗೊತ್ತಾಯ್ತು, ಊರಿಗಿ ಗೊತ್ತಾಯ್ತು. ಅಷ್ಟ ಸಾಕ್ರಿ."

ಸಾಕಾಗಿರಲಿಲ್ಲ. ಅದು ಅವನ ದನಿಯಲ್ಲೇ ಎಲ್ಲರಿಗೂ ಕೇಳಿತು.

ನಾಗಣ್ಣ ಮತ್ತು ಇನ್ನಿಬ್ಬರು ಇಳಿದು, ಕಾಲುವೆಯ ಎದುರಿನ ಗೋಡೆಯಲ್ಲಿ ಕೊರೆದ ಗೂಡಿನಲ್ಲಿ ಚಂಪಾಬಾಯಿಯನ್ನು ಕೂರಿಸಿದರು. ಅಯ್ಯನವರು ಮಂತ್ರ ಹೇಳಿದರು. ಬಿಲ್ವಪತ್ರೆ, ವಿಭೂತಿ, ಉಪ್ಪು ಹಾಕಿ ಗೂಡಿನ ಬಾಯಿ ಮುಚ್ಚಿದರು. ಕೊನೆಗೆ ಅವಳ ಮುಖ ನೇರವಾಗಿ ತನ್ನ ಕಾಲುವೆಯ ಕಡೆಗೇ ಇತ್ತು. ಅದು ಯಾರೂ ಎಣಿಸಿ ಮಾಡಿದ್ದಲ್ಲ.

ಇನ್ನು ಎಲ್ಲರೂ ಒಂದೊಂದು ಹಿಡಿ ಮಣ್ಣು ಹಾಕಬೇಕು. ಮೊದಲ ಹಿಡಿ ಮಗನದು. ಕಣ್ಣು ಮಂಜಾಗಿ ಸೂರ್ಯಕಾಂತ ಎಲ್ಲಿ ಹಾಕಿದೆನೆಂದು ನೋಡಲಿಲ್ಲ. ಮಣ್ಣು ಕಲ್ಲುಗಳ ಮೇಲೆ ಬಿದ್ದು ಕಾಲುವೆಯೊಳಗೆ ಹರಡಿತು. ಹಿಂದೆ ಬಂದ ಬೀಗರ ಮಣ್ಣೂ ಅಲ್ಲೇ ಬಿತ್ತು. ರವಿಕಾಂತ ತನ್ನ ಹಿಡಿ ಹಾಕಿ ಮುಖ ಆ ಕಡೆ ತಿರುಗಿಸಿದ.

ಆಮೇಲೆ ಧೀರಜನ ಸರದಿ. ಅವನು ಹಿಡಿ ಮಣ್ಣು ಎತ್ತಿಕೊಂಡು ಅಂಚಿಗೆ ಬಂದವನು ಹಾಕದೆ ನಿಂತ. ಕಲ್ಲುಗಳನ್ನು ನೋಡಿದ. ಮಣ್ಣನ್ನು ಎಡಗೈಗೆ ದಾಟಿಸಿ, ಇಸ್ತ್ರಿಯ ಬಿಳಿ ಅಂಗಿಯ ಪರಿವೆ ಇಲ್ಲದೆ ಮೊಣಕಾಲೂರಿ ಬಗ್ಗಿ, ಕಾಲುವೆಯ ಒಳಮೈಯನ್ನು ಉಗುರಿನಿಂದ ಕೆರೆದ. ಬಿಳಿಯ ಪದರವೊಂದು ಚೂರಾಗಿ ಕೈಗೆ ಬಂತು. ಬಾವಿಯ ನೀರು ವರ್ಷಗಟ್ಟಲೆ ಹರಿದ ಕಲ್ಲಿನ ಮೇಲೆ ಮಾತ್ರ ಕೂರುವ ಪದರ. ಅವನ ಅಪ್ಪನ ಬಾವಿಯ ಕಾಲುವೆಯಲ್ಲೂ ಅದು ಇತ್ತು. ಹುಡುಗನಿದ್ದಾಗ ರಜೆಯಲ್ಲಿ ಅದನ್ನು ಕೆರೆದು ತೆಗೆಯುವುದು ಅವನದೇ ಕೆಲಸವಾಗಿತ್ತು. ಕಲ್ಲನ್ನು ಯಾರಾದರೂ ಜೋಡಿಸಬಹುದು, ಇದನ್ನು ಒಂದು ದಿನದಲ್ಲಿ ಯಾರೂ ಹಚ್ಚಲಾರರು.

ಧೀರಜ ಆ ಚೂರನ್ನು ನೋಡುತ್ತ ಅಲ್ಲೇ ಕುಳಿತ.

ನಂತರ ಅವನು ಕಲ್ಲುಗಳ ಮೇಲೆ ಬಿದ್ದಿದ್ದ ಮಣ್ಣನ್ನು ಅಂಗೈಯಿಂದ ಬಳಿದು ತೆಗೆದ. ಸಂದಿಯಲ್ಲಿದ್ದದ್ದನ್ನು ಬೆರಳಿನಿಂದ ಬಿಡಿಸಿದ. ಎಲ್ಲವನ್ನೂ ತನ್ನ ಹಿಡಿಯ ಜೊತೆ ಸೇರಿಸಿ, ಕೈ ಚಾಚಿ, ಚಂಪಾಬಾಯಿಯ ಗೂಡಿನ ಕಡೆಗೆ ಹಾಕಿದ.

"ರವಿಕಾಂತ, ಸೋಮವಾರ ಅರ್ಜಿ ಹಾಕ್ರಿ" ಎಂದ, ತಲೆ ಎತ್ತದೆ. "ಕಮಿಶನರ್ ಮತ್ತೊಮ್ಮೆ ಬರ್ಲಿ. ನಾ ಹರಕತ್, ತಕರಾರ ಏನೂ ಮಾಡಂಗಿಲ್ಲ. ಕೇಳಿದ್ರ ನಾನೇ ನೋಡೀನಿ ಅಂತ ಹೇಳ್ತೀನಿ."

ರವಿಕಾಂತ ಮೊಬೈಲು ಕಿಸೆಗೆ ಹಾಕಿಕೊಂಡ. ಸೂರ್ಯಕಾಂತ ಧೋತರದ ಚುಂಗಿನಿಂದ ಮುಖ ಮುಚ್ಚಿಕೊಂಡ.

"ಈ ಬಾಜೂ ಹಂಗೇ ಬಿಡೂನ ಏನು?" ಎಂದು ನಾಗಣ್ಣ ಕೇಳಿದ.

"ಹಂಗೇ ಬಿಡ್ರಿ. ಮ್ಯಾಲೊಂದು ತಗಡಿನ ಪತ್ರಾ ಹೊಚ್ಚಿದ್ರ ಆಯ್ತು" ಎಂದ ಧೀರಜ.

ಮುಂದಿನ ಸರದಿ ಮಲಕಮ್ಮನದು. ಕೋಲು ಊರಿಕೊಂಡು ಬಂದು, ಕಾಣದ ಕಣ್ಣಿನಿಂದ ಕುಣಿ ಇರುವ ಕಡೆ ಅಂದಾಜು ಮಾಡಿ ಹಿಡಿ ಎತ್ತಿದಳು. ಧೀರಜ ಎದ್ದು ಅವಳ ಮಣಿಕಟ್ಟು ಹಿಡಿದು ತಿರುಗಿಸಿದ.

"ಇಲ್ಲಿ ಅಲ್ಲ ಆಜಿ. ಆ ಕಡಿ ಹಾಕ್ರಿ."

ಅವಳು ಆ ಕಡೆ ಹಾಕಿದಳು. ಅವಳ ಹಿಂದೆ ಸಾರಿಕಾ ಹಾಕಿದಳು, ಭಜನೆಯವರು ಹಾಕಿದರು, ಇಡೀ ಊರು ಸಾಲಾಗಿ ಬಂದು ಹಾಕಿತು. ಒಬ್ಬೊಬ್ಬರೂ ಬಗ್ಗಿ, ಕೈ ದೂರ ಚಾಚಿ, ಒಂದು ಹರಳೂ ಈಚೆ ಉರುಳದಂತೆ ಮಣ್ಣು ಬಿಡುತ್ತಿದ್ದರು. ಕುಣಿ ಒಂದೇ ಮಗ್ಗುಲಿಗೆ ತುಂಬುತ್ತ ಬಂತು. ಇನ್ನೊಂದು ಮಗ್ಗುಲಿಗೆ ಸರಕಾರಿ ವಕೀಲ ಕೈವಸ್ತ್ರ ತೆಗೆದು ಕಲ್ಲು ಒರೆಸುತ್ತ ಕೂತಿದ್ದ.